ಪರರ ಫಲಿತಾಂಶ ನೆಚ್ಚಿದ ಲೆಕ್ಕಾಚಾರ

2024ರ ಐಪಿಎಲ್‌ನಲ್ಲಿ ಮೊದಲ ಎಂಟು ಪಂದ್ಯಗಳ ಪೈಕಿ ಏಳನ್ನು ಸೋತಿದ್ದ ರಾಯಲ್ ಚಾಲೆಂಜರ್ಸ್ ಬೆಂಗಳೂರು, ಉಳಿದ ಆರನ್ನೂ ಗೆದ್ದು ಪ್ಲೇಆಫ್ ತಲುಪಿದ್ದನ್ನು ಪವಾಡವೆಂದೇ ಬಣ್ಣಿಸಲಾಗುತ್ತದೆ. ಆದರೆ ಆ ಆರು ಗೆಲುವುಗಳಷ್ಟೇ ಸಾಲುತ್ತಿರಲಿಲ್ಲ. ಮೇ 14ರಂದು ದೆಹಲಿಯೆದುರು ಲಖನೌ ಗೆದ್ದಿದ್ದರೆ, ಅದರ ಒಟ್ಟು ಅಂಕ 16ಕ್ಕೇರಿ ಬೆಂಗಳೂರಿನ ದಾರಿ ಮುಚ್ಚುತ್ತಿತ್ತು. ಮೇ 18ರ ಕೊನೆಯ ಲೀಗ್ ಪಂದ್ಯದಲ್ಲಿ ಬೆಂಗಳೂರು 218 ರನ್ ಗಳಿಸಿದ ಮೇಲೂ, ಚೆನ್ನೈ 201 ಮುಟ್ಟಿದ್ದರೆ ಸೋತೂ ಮುಂದೆ ಸಾಗುತ್ತಿತ್ತು. ಅದು 191ಕ್ಕೆ ನಿಂತಿತು. ತಲಾ 14 ಅಂಕ ಪಡೆದ ನಾಲ್ಕು ತಂಡಗಳಲ್ಲಿ ನೆಟ್ ರನ್ ರೇಟ್ ಒಂದನ್ನಷ್ಟೇ ಉಳಿಸಿತು.

ಹುಣಸೂರು, ಪಿರಿಯಾಪಟ್ಟಣ, ಎಚ್.ಡಿ. ಕೋಟೆಯ ತಂಬಾಕು ಬೆಳೆಗಾರರು ಇಂಥ ಪರಾಧೀನತೆಯನ್ನು ಬಲ್ಲರು: ಹರಾಜಿನ ದರ ಬ್ರೆಜಿಲ್, ಜಿಂಬಾಬ್ವೆಗಳ ಇಳುವರಿಯನ್ನೂ ಅವಲಂಬಿಸಿದೆ. ಕೆ.ಆರ್. ನಗರದ ಭತ್ತದ ಗದ್ದೆಗಳು ಕೊಡಗಿನ ಮಳೆಯನ್ನು ನಂಬಿವೆ. ರೈತನಿಗೆ ಅನ್ಯ ಮಾರ್ಗವಿಲ್ಲ, ತಂಡಕ್ಕೆ ಇದೆ.

ನಾಲ್ಕನೆಯ ಸ್ಥಾನ ತಂದ ಏಕೈಕ ಅವಕಾಶ ಆ ವರ್ಷ ಎಲಿಮಿನೇಟರ್‌ನಲ್ಲೇ ಮುಗಿಯಿತು. 2025ರಲ್ಲಿ ಅದೇ ತಂಡ ಮೊದಲ 11 ಪಂದ್ಯಗಳಲ್ಲೇ 16 ಅಂಕ ಕೂಡಿಸಿ, ಎರಡನೆಯ ಸ್ಥಾನ ಗಳಿಸಿ, ಜೂನ್ 3ರಂದು ಪ್ರಶಸ್ತಿ ಗೆದ್ದಿತು. ಆರಂಭದಲ್ಲಿ ಕಳೆದುಕೊಂಡ ಅಂಕಕ್ಕೆ ಕೊನೆಯಲ್ಲಿ ಬಡ್ಡಿ ತೆರಬೇಕು. ಆ ಬಡ್ಡಿಯ ದರವನ್ನು ನಿಗದಿಪಡಿಸುವವರು ಎದುರಾಳಿಗಳು.