ದನ ಕಟ್ಟುತ್ತಿದ್ದ ಜಾಗ

ಕೊಟ್ಟಿಗೆಹಾರದ ಹೋಟೆಲೊಂದರಲ್ಲಿ ನೀರುದೋಸೆಗಾಗಿ ಕಾಯುತ್ತ ಕೂತಿದ್ದೆ. ಹೊರಗೆ ಮಳೆ. ಚಾರ್ಮಾಡಿ ಹತ್ತಿ ಬಂದ ಲಾರಿಗಳ ದೀಪ ಮಂಜಿನೊಳಗೆ ಹಳದಿಯಾಗಿ ಕದಡಿ ಹೋಗುತ್ತಿತ್ತು. ಪಕ್ಕದ ಮೇಜಿನಲ್ಲಿ ಇಬ್ಬರು ಹಿರಿಯರು. ತಮ್ಮ ಕಡೆಯ ಯಾವುದೋ ಜಾಗಕ್ಕೆ ಈ ಸಲವೂ ರಸ್ತೆ ಮಂಜೂರಾಗಲಿಲ್ಲವೆಂದು ಒಬ್ಬರು ಬೇಸರ ತೋಡಿಕೊಳ್ಳುತ್ತಿದ್ದರು. ಇನ್ನೊಬ್ಬರು ದೋಸೆ ಮುರಿಯುತ್ತ ಅಂದರು: "ಅದೆಂಥ ಊರು ಮಾರಾಯ್ರೆ? ದನ ಕಟ್ತಿದ್ದ ಜಾಗ ಅದು."

ಈ ಮಾತು ಹೇಳಿದ್ದು ಕೊಟ್ಟಿಗೆಹಾರದಲ್ಲಿ ಕೂತು! ಮೂಡಿಗೆರೆಯ ದಾರಿ, ಕಳಸದ ದಾರಿ, ಘಟ್ಟ ಇಳಿಯುವ ದಾರಿ ಮೂರೂ ಸೇರುವ, ರಾತ್ರಿಯೂ ಕಣ್ಣು ಮುಚ್ಚದ ಈ ಪೇಟೆಯ ಹೆಸರಿನ ಮುಂಬಾಗಿಲಲ್ಲೇ ಕೊಟ್ಟಿಗೆ ಇದೆ. ದನ ಕಟ್ಟುತ್ತಿದ್ದ ಜಾಗ ಊರಾಗಲಾರದು ಎನ್ನುವುದಾದರೆ ನಾವು ಕೂತು ತಿನ್ನುತ್ತಿದ್ದ ಜಾಗ ಯಾವುದು? ಎರಡು ವಾರದಿಂದ ಆ ಮಾತು ನನ್ನನ್ನು ಬಿಟ್ಟಿಲ್ಲ.

ಕೊಟ್ಟಿಗೆ ಪದದ ಅರ್ಥದಲ್ಲಿ ಗೊಂದಲವಿಲ್ಲ. ತಮಿಳು ಮಲಯಾಳಗಳ ಕೊಟ್ಟಿಲ್, ತೆಲುಗಿನ ಕೊಟ್ಟಮು ಎಲ್ಲ ಇದರ ದಾಯಾದಿಗಳು. ಕೇಳಬೇಕಾದದ್ದು, ಅದು ಯಾರ ಕೊಟ್ಟಿಗೆ ಎಂದು. ಘಟ್ಟದ ನೆತ್ತಿಯಲ್ಲಿ, ಇಷ್ಟು ಮಳೆ ಹೊಡೆಯುವ ಕಡೆ, ಕೊಟ್ಟಿಗೆಯೊಂದು ಜಾಗದ ಗುರುತೇ ಆಗಿಬಿಡಬೇಕಾದರೆ ಅದು ಒಂದು ಮನೆಯ ನಾಲ್ಕು ಕರಾವಿನದಾಗಿರಲಾರದು. ಮೋಟಾರು ಬರುವ ಮುನ್ನ ಘಟ್ಟದ ಸರಕೆಲ್ಲ ಹೇರೆತ್ತಿನ ಬೆನ್ನ ಮೇಲೆ ನಡೆಯುತ್ತಿತ್ತು. ಅಕ್ಕಿ, ಮೆಣಸು, ಏಲಕ್ಕಿ, ಆಮೇಲೆ ಕಾಫಿ ಕೆಳಕ್ಕೆ; ಉಪ್ಪು, ಒಣಮೀನು ಮೇಲಕ್ಕೆ. ಕಂಟಲೆ ಇಳಿಸಿ, ಎತ್ತು ಒಣಗಿಸಿ, ಬೆಳಗಾಗುವುದನ್ನು ಕಾಯುವುದಕ್ಕೆ ಸೂರು ಬೇಕಿತ್ತು. ಈ ಹೆಸರಿನ ಕೊಟ್ಟಿಗೆ ಅಂಥ ತಂಗುದಾಣದ್ದು ಎಂದು ನನ್ನ ಊಹೆ.

ಆದರೆ ನನ್ನ ತಲೆಗೆ ನಿಜವಾಗಿ ಹೊಕ್ಕದ್ದು ಇದಕ್ಕಿಂತ ಹಳೆಯ ಪದ, ಹಟ್ಟಿ. ಹಳಗನ್ನಡದ ಪಟ್ಟಿ ನಡುಗನ್ನಡಕ್ಕೆ ಬರುವಾಗ ಪಕಾರ ಹಕಾರವಾಗಿ ಹಟ್ಟಿಯಾಯಿತು. ತಮಿಳಿನಲ್ಲಿ ಅದು ಪಕಾರ ಉಳಿಸಿಕೊಂಡು ಕೋವಿಲ್‌ಪಟ್ಟಿ, ಉಸಿಲಂಪಟ್ಟಿಗಳಲ್ಲಿ ಕೂತಿದೆ. ಅರ್ಥ ಎರಡು: ದನ ಕೂಡುವ ದೊಡ್ಡಿ, ಜನ ಕೂಡಿರುವ ವಸತಿ. ಕರಾವಳಿಯ ಹವ್ಯಕರ ಮನೆಯಲ್ಲಿ ಹಟ್ಟಿ ಎಂದರೆ ಇಂದಿಗೂ ದನದ ಮನೆಯೇ. ಚಿತ್ರದುರ್ಗ, ತುಮಕೂರು ಕಡೆ ಹಟ್ಟಿ ಎಂದರೆ ಜನವಸತಿ, ಗೊಲ್ಲರಹಟ್ಟಿ, ಕುರುಬರಹಟ್ಟಿ. ನೀಲಗಿರಿಯ ಬಡಗರಿಗೆ ತಮ್ಮ ಊರನ್ನು ಕರೆಯಲು ಇರುವ ಪದವೇ ಹಟ್ಟಿ. ಉತ್ತರ ಕರ್ನಾಟಕದಲ್ಲಿ ದೀಪಾವಳಿಯೇ ಹಟ್ಟಿಹಬ್ಬ. ಸಗಣಿಯಲ್ಲಿ ಹಟ್ಟಿಲಕ್ಕವ್ವನನ್ನು ಮಾಡಿ ಹೂ ಮುಡಿಸುತ್ತಾರೆ. ರಾಯಚೂರಿನ ಚಿನ್ನದ ಗಣಿಯ ಊರೂ ಹಟ್ಟಿಯೇ. ಒಂದೇ ಪದ ಕಡಲಂಚಿನಲ್ಲಿ ದನದ್ದು, ಬಯಲಿನಲ್ಲಿ ಜನದ್ದು. ಮೊದಲು ದನ ನಿಂತಿತು, ದನದ ಪಕ್ಕ ಮನುಷ್ಯ ಮಲಗಿದ, ಅವನ ಹೆಂಡತಿ ಒಲೆ ಹೂಡಿದಳು. ಹೆಸರು ಬದಲಿಸುವ ಅಗತ್ಯ ಯಾರಿಗೂ ಕಾಣಲಿಲ್ಲ.

ಮಲೆನಾಡಿಗೆ ಬಂದರೆ ಹಟ್ಟಿ ಅವಿತುಕೊಳ್ಳುತ್ತದೆ. ಮೂಡಿಗೆರೆ ತಾಲ್ಲೂಕಿನಲ್ಲಿ, ಘಟ್ಟದ ಅಂಚಿನಲ್ಲಿ, ಆಲೇಖಾನ್ ಹೊರಟ್ಟಿ ಎಂಬ ಊರಿದೆ. 2019ರ ಆಗಸ್ಟ್ ಮಳೆಯಲ್ಲಿ ಗುಡ್ಡ ಜರಿದಾಗ ಈ ಹೆಸರು ಪತ್ರಿಕೆಗಳಲ್ಲಿ ಬಂದಿತ್ತು. ಓದಿದವರಲ್ಲಿ ಹಲವರು ಯಾರೋ ಖಾನ್ ಸಾಹೇಬರ ಜಹಗೀರು ಇರಬೇಕು ಎಂದುಕೊಂಡರು. ನನ್ನ ಕಿವಿಗೆ ಅಲ್ಲಿ ಕೇಳುವುದು ಕಾನು, ನಮ್ಮ ನಿತ್ಯ ಹಸುರಿನ ಕಾನು. ಬರೆಯುವವರ ಲೇಖನಿಯಲ್ಲಿ ಕಾನು ಖಾನ್ ಆಗಿದೆ. ಹೊರಟ್ಟಿ ಎಂಬುದರಲ್ಲಿ ಹೊರಹಟ್ಟಿ ಕೇಳುತ್ತದೆ. ಮೂಲದ ಊರಿನಿಂದ ಆಚೆ, ಕಾನಿನ ಸೆರಗಿನಲ್ಲಿ, ಹುಲ್ಲು ಸಿಗುವ ಕಡೆ ದನ ಹೊಡೆದುಕೊಂಡು ಹೋಗಿ ಮಾಡಿಕೊಂಡ ಹಟ್ಟಿ. ಧಾರವಾಡದ ಕಡೆ ಹೊರಟ್ಟಿ ಮನೆತನದ ಹೆಸರಾಗಿಯೂ ಇದೆ. ಜೊತೆಗೆ ಬೈರಾಪುರದ ಮೇಲೆ ನಿಂತ ಎತ್ತಿನಭುಜವನ್ನು ನೋಡಿ. ಆ ಶಿಖರಕ್ಕೆ ಹೆಸರಿಟ್ಟವರು ದಿನವೂ ಎತ್ತಿನ ಹಿಣಿಲು ಕಾಣುತ್ತಿದ್ದವರೇ ಹೊರತು ಬೇರೆಯವರಾಗಿರಲು ಸಾಧ್ಯವಿಲ್ಲ.

ನಾವು ಈ ಗುಡ್ಡಗಳನ್ನು ಕಾಫಿಯ ಗುಡ್ಡಗಳೆಂದೇ ನೋಡಲು ಕಲಿತಿದ್ದೇವೆ. ಬಾಬಾಬುಡನ್ ತಂದ ಬೀಜದ ಕಥೆ ಮಕ್ಕಳಿಗೂ ಗೊತ್ತು. ತೋಟಗಳು ವಿಸ್ತಾರವಾಗಿ ಎದ್ದದ್ದು ಮಾತ್ರ ಹತ್ತೊಂಬತ್ತನೆಯ ಶತಮಾನದಲ್ಲಿ. ಅದಕ್ಕೆ ಮುಂಚೆ ಇಲ್ಲಿದ್ದುದು ಕಣಿವೆಯಲ್ಲಿ ಗದ್ದೆ, ಪಕ್ಕದಲ್ಲಿ ಕಾನು, ನೆತ್ತಿಯಲ್ಲಿ ಹುಲ್ಲು, ಇವು ಮೂರನ್ನೂ ಹೊಲಿಯುತ್ತ ಓಡಾಡುವ ಗಿಡ್ಡ ದನ. ಮಲೆನಾಡು ಗಿಡ್ಡ ಈಗ ಕರ್ನಾಲಿನ ರಾಷ್ಟ್ರೀಯ ಕೇಂದ್ರದಲ್ಲಿ ನೋಂದಾಯಿತ ತಳಿ. ಅದು ಕೊಡುವ ಹಾಲು ಅಳೆಯುವಷ್ಟೇನಲ್ಲ. ಕೊಟ್ಟಿಗೆಗೆ ಸೊಪ್ಪು, ದರಗು ಹಾಸಿ, ಅದರ ಮೇಲೆ ದನ ಮಲಗಿಸಿ, ತುಳಿದದ್ದನ್ನು ಗುಂಡಿಗೆ ಎಳೆದರೆ ವರ್ಷದ ಗೊಬ್ಬರ. ಮಲೆನಾಡಿನ ಕೊಟ್ಟಿಗೆ ಹಾಲಿಗಿಂತ ಹೆಚ್ಚಾಗಿ ಗೊಬ್ಬರಕ್ಕಾಗಿ ಇದ್ದದ್ದು. ಈ ಗುಟ್ಟು ಬಿಳಿಯ ಪ್ಲಾಂಟರುಗಳಿಗೂ ಬೇಗ ತಿಳಿಯಿತು. 1894ರಲ್ಲಿ ತನ್ನ ಮೈಸೂರು ಅನುಭವದ ಪುಸ್ತಕ ತಂದ ರಾಬರ್ಟ್ ಎಲಿಯಟ್ ಚಿನ್ನ, ಬೇಟೆಗಳ ಜೊತೆಗೆ ಗೊಬ್ಬರದ ಬಗ್ಗೆಯೂ ವಿಸ್ತಾರವಾಗಿ ಬರೆದಿದ್ದಾನೆ. ಕಾಫಿಗೆ ದನ ಬೇಕಿತ್ತು. ಆದರೆ ದನ ಮೇಯುತ್ತಿದ್ದ ಜಾಗವೂ ಬೇಕಿತ್ತು. ಬೇಲಿ ಬಂತು, 1871ರ ಜಾನುವಾರು ಅತಿಕ್ರಮಣ ಕಾಯಿದೆ ಬಂತು, ನೆನ್ನೆಯವರೆಗೆ ತನ್ನ ದಾರಿಯಲ್ಲಿ ನಡೆದಿದ್ದ ದನ ಇವತ್ತು ದೊಡ್ಡಿಗೆ ಹೋಗಿ ದಂಡ ಕಟ್ಟಿಸಿಕೊಳ್ಳುವ ಅಪರಾಧಿಯಾಯಿತು. ದೊಡ್ಡಿ ಪದದ ಪಾಡೂ ನೋಡಿ, ಆಸರೆಯ ಹೆಸರು ಸೆರೆಮನೆಯ ಹೆಸರಾಯಿತು.

ಇದೇ ಜಿಲ್ಲೆಯ ಇನ್ನೊಂದು ಮಗ್ಗುಲಲ್ಲಿ ದನಕ್ಕೆ ರಾಜಮರ್ಯಾದೆ ಇತ್ತು. ಬಾಬಾಬುಡನ್‌ಗಿರಿಯ ಲಾಳದ ಸಾಲು ಮಳೆಯನ್ನೆಲ್ಲ ಪಶ್ಚಿಮದಲ್ಲೇ ಹಿಂಡಿಕೊಂಡು, ಆಚೆಯ ಕಡೂರು, ಬೀರೂರು, ಅಜ್ಜಂಪುರಗಳಿಗೆ ಒಣ ಗಾಳಿಯನ್ನೂ ಗಟ್ಟಿ ಹುಲ್ಲನ್ನೂ ಬಿಡುತ್ತದೆ. ಆ ಹುಲ್ಲಿನ ಮೇಲೆ ನಿಂತದ್ದು ಅರಸರ ದನದ ಹಿಂಡು ಮೇಯುತ್ತಿದ್ದ ಅಮೃತ ಮಹಲ್ ಕಾವಲುಗಳು. ಚಿಕ್ಕದೇವರಾಜ ಒಡೆಯರ ಕಾಲದ ಬೆಣ್ಣೆ ಚಾವಡಿ ಎಂಬ ದನದ ಇಲಾಖೆಗೆ ಟಿಪ್ಪು ಇಟ್ಟ ಹೆಸರು ಅಮೃತ ಮಹಲ್. ಹೆಸರಿನಲ್ಲಿ ಹಾಲು ಬೆಣ್ಣೆ ಇದ್ದರೂ ಬೇಕಾಗಿದ್ದುದು ಫಿರಂಗಿ ಎಳೆಯುವ ಎತ್ತು. 1799ರ ನಂತರ ಹಿಂಡು ಕಂಪನಿಯ ಕೈಸೇರಿತು, ನಡುವೆ ಸೊರಗಿತು, 1813ರಲ್ಲಿ ಕ್ಯಾಪ್ಟನ್ ಹಾರ್ವೆ ಎಂಬವನು ವಹಿಸಿಕೊಂಡು ಸುಧಾರಿಸಿದ, 1860ರಲ್ಲಿ ಉಳಿತಾಯದ ಲೆಕ್ಕ ಹಾಕಿ ಇಡೀ ಹಿಂಡನ್ನೇ ಮಾರಿದರು, ಕೆಲವೇ ವರ್ಷಗಳಲ್ಲಿ ಪಶ್ಚಾತ್ತಾಪಪಟ್ಟು ಮತ್ತೆ ಕಟ್ಟಿದರು. ಅಜ್ಜಂಪುರದ ತಳಿ ಸಂವರ್ಧನಾ ಕೇಂದ್ರ ಆ ಪರಂಪರೆಯ ಉಳಿಕೆ. ಬಾಸೂರು ಕಾವಲು 2011ರಲ್ಲಿ ಕೃಷ್ಣಮೃಗಗಳ ಸಂರಕ್ಷಣಾ ಮೀಸಲಾಯಿತು.

ಈ ಕಾವಲುಗಳಲ್ಲಿ ನನ್ನನ್ನು ಹಿಡಿದು ನಿಲ್ಲಿಸುವುದು ಅವುಗಳ ವರ್ಗೀಕರಣ. ಬೇಸಿಗೆಯ ಕಾವಲು, ಮಳೆಗಾಲದ ಕಾವಲು, ಚಳಿಗಾಲದ ಕಾವಲು ಎಂದು ಮೂರು ಬಗೆ. ನೀರು, ನೆರಳು ಇರುವಲ್ಲಿ ಬೇಸಿಗೆಯದು. ಹಿಂಡು ಋತುವಿನೊಂದಿಗೆ ನಡೆಯುತ್ತಿತ್ತು. ಹಿಂಡಿನ ಮೇಲ್ವಿಚಾರಕನಾದ ಸೇರ್ವೆಗಾರನೂ ದನಗಾಹಿಗಳೂ ಅವರ ಮಕ್ಕಳೂ ಹಿಂಡಿನೊಂದಿಗೆ. ಅಂದರೆ ವರ್ಷವಿಡೀ ದುಡಿಯುವ, ಸರ್ಕಾರಿ ಪುಸ್ತಕದಲ್ಲಿ ಪ್ರತಿ ಕರುವಿನ ಲೆಕ್ಕ ಬರೆಸುವ ಸಮುದಾಯವೊಂದಿತ್ತು, ಅದಕ್ಕೆ ಒಂದೇ ಊರು ಎಂಬುದಿರಲಿಲ್ಲ.

ಒಂದು ಸಿಟ್ಟನ್ನು ಇಲ್ಲಿ ಹೇಳದೆ ಮುಂದೆ ಹೋಗಲಾರೆ. ಖರಾಬು ಎಂಬ ಪದ. ಪಹಣಿ ತೆಗೆದು ನೋಡಿ, ಎ ಖರಾಬು, ಬಿ ಖರಾಬು. ಅರಬಿಯಿಂದ ಬಂದ ಈ ಪದಕ್ಕೆ ಹಾಳಾದದ್ದು, ಕೆಟ್ಟದ್ದು ಎಂದರ್ಥ. ಉಳಲು ಬಾರದ ನೆಲ 'ಎ', ದಾರಿ ಹಳ್ಳಗಳಂಥ ಸಾರ್ವಜನಿಕ ನೆಲ 'ಬಿ'. ನೇಗಿಲು ಹೋಗದ್ದೆಲ್ಲ ಕೆಟ್ಟ ನೆಲ! ಜಾವಳಿಯ ಹತ್ತಿರ ಹೇಮಾವತಿ ಹುಟ್ಟುವ ಬಲ್ಲಾಳರಾಯನದುರ್ಗದ ಹುಲ್ಲುಹಾಸನ್ನು ಒಮ್ಮೆ ಹತ್ತಿ ನೋಡಿದವನಿಗೆ ಗೊತ್ತು: ಮಳೆಯನ್ನು ಹೀರಿಟ್ಟುಕೊಂಡು ಮಾಗಿಯವರೆಗೂ ಹಳ್ಳಕ್ಕೆ ಹನಿಸುವುದು ಆ ಹುಲ್ಲೇ. ಹಾಸನ, ಗೊರೂರಿನ ಗದ್ದೆಗಳು ಕುಡಿಯುವುದು ಆ ನೀರನ್ನು. ಅಂಥ ಹುಲ್ಲುಗುಡ್ಡಕ್ಕೆ ದಾಖಲೆಯ ಭಾಷೆಯಲ್ಲಿ ಒಂದು ಒಳ್ಳೆಯ ಹೆಸರಿಲ್ಲ. ಗೋಮಾಳ ಎಂಬ ಚೆಂದದ ಪದವಿದೆ, ಅದನ್ನು ಉಚ್ಚರಿಸಿದೊಡನೆ ಎಲ್ಲರ ಕಿವಿ ನೆಟ್ಟಗಾಗುವುದು ಯಾವಾಗ ಮಂಜೂರಾಗುತ್ತದೆ ಎಂದು ಕೇಳುವುದಕ್ಕೆ.

ಇಲ್ಲಿಯವರೆಗೆ ಬರೆದು, ಕಂದಾಯದ ಪದಗಳ ಪಟ್ಟಿಯಲ್ಲಿ ಖರಾಬಿನ ನೆಂಟರನ್ನು ಹುಡುಕುವಾಗ ಕಣ್ಣಿಗೆ ಬಿದ್ದದ್ದು ಬೇಚಿರಾಕ್. ಇದು ಪಾರಸಿ. ಚಿರಾಗ್ ಎಂದರೆ ದೀಪ, ಬೇ ಎಂದರೆ ಇಲ್ಲದ್ದು. ಸರ್ವೆ ನಂಬರಿದೆ, ಗಡಿಯಿದೆ, ನಕ್ಷೆಯಿದೆ, ದೀಪ ಹಚ್ಚುವವರಿಲ್ಲ. ಅದು ಬೇಚಿರಾಕ್ ಗ್ರಾಮ. 2011ರ ಜನಗಣತಿಯಲ್ಲಿ ಕರ್ನಾಟಕದ 29,340 ಹಳ್ಳಿಗಳ ಪೈಕಿ 1,943 ಇಂಥವು. ಒಬ್ಬ ಮನುಷ್ಯನೂ ಇಲ್ಲದಿದ್ದರೂ ಅವು ಹಳ್ಳಿಗಳೇ.

ಹೋಟೆಲಿನ ಮಾತು ಆಗ ಬೇರೆ ಥರ ಕೇಳಿಸಿತು. ಎರಡು ವಾರ ನಾನು ಹುಡುಕುತ್ತಿದ್ದುದು ದನದ ಹೆಸರಿನ ಊರುಗಳನ್ನು. ಆ ಹಿರಿಯರು ಆಡುತ್ತಿದ್ದ ವಿಷಯ ಅದಲ್ಲ. ದೀಪವಿಲ್ಲದ್ದು ಊರು, ದೀಪವಿದ್ದದ್ದು ಬರಿಯ 'ಜಾಗ' ಆಗುವುದು ಹೇಗೆ, ಅವರ ರಸ್ತೆ ಸಿಕ್ಕಿಕೊಂಡದ್ದು ಅಲ್ಲಿ. ಮಲೆನಾಡಿನ ಒಂಟಿ ಮನೆಗಳು, ಬಯಲುಸೀಮೆಯ ಗೊಲ್ಲರಹಟ್ಟಿಗಳು, ಲಂಬಾಣಿ ತಾಂಡಾಗಳು, ಕಾಡಂಚಿನ ಹಾಡಿಗಳು, ಎಷ್ಟೋ ಕಡೆ ತಲೆಮಾರುಗಳಿಂದ ಒಲೆ ಉರಿದಿದೆ, ಗುರುತಿನ ಚೀಟಿಯಲ್ಲಿರುವುದು ಎರಡು ಗುಡ್ಡದ ಆಚೆಯ ಊರಿನ ಹೆಸರು.

ಇದು ಗೌರವದ ಪ್ರಶ್ನೆಯಷ್ಟೇ ಎಂದು ಯಾರಾದರೂ ಅಂದರೆ ಅವರಿಗೆ 1966ರ ಭೂಕಂದಾಯ ನಿಯಮಗಳ 97ನೆಯ ನಿಯಮ ತೋರಿಸುತ್ತೇನೆ. ಪ್ರತಿ ನೂರು ಜಾನುವಾರಿಗೆ 12 ಹೆಕ್ಟೇರ್ ಹುಲ್ಲುಗಾವಲು ಕಾದಿಡಬೇಕು ಎನ್ನುತ್ತದೆ ಅದು. ಎಣಿಕೆ ಗ್ರಾಮದ ಲೆಕ್ಕದಲ್ಲಿ. ಹಟ್ಟಿ ಗ್ರಾಮವಲ್ಲವಾದರೆ ಅಲ್ಲಿಯ ದನ ಮೂಲ ಗ್ರಾಮದ ದನವಾಗಿ ಎಣಿಕೆಯಾಗುತ್ತದೆ, ಹುಲ್ಲು ಗುರುತಾಗುವುದು ಮೂಲ ಗ್ರಾಮದ ಬಳಿ. ದನ ಇಲ್ಲಿ, ಗೋಮಾಳ ಅಲ್ಲಿ. ದನವನ್ನೇ ನಂಬಿ ಹುಟ್ಟಿದ ಹಟ್ಟಿಗೆ ತನ್ನದೆನ್ನುವ ಒಂದು ಎಕರೆ ಹುಲ್ಲೂ ಇಲ್ಲದೆ ಹೋಗುವುದು ಹೀಗೆ. ಆಮೇಲೆ ಪೇಟೆಯವರು ಬಂದು, ಇಲ್ಲಿ ಈಗ ಯಾರೂ ದನ ಸಾಕುವುದಿಲ್ಲ, ಎಲ್ಲ ಪ್ಯಾಕೆಟ್ ಹಾಲು ಎನ್ನುತ್ತಾರೆ.

ಕಾಯಿದೆ ಸುಮ್ಮನೆ ಕೂತಿಲ್ಲ ಎಂಬುದನ್ನೂ ಹೇಳಬೇಕು. 2006ರ ಅರಣ್ಯ ಹಕ್ಕು ಕಾಯಿದೆ ಮೇಯಿಸುವ ಹಕ್ಕನ್ನು ಹೆಸರಿಟ್ಟು ಹೇಳುತ್ತದೆ, ಅಳತೆಯಾಗದ ಹಳ್ಳಿಗಳನ್ನು ಕಂದಾಯ ಗ್ರಾಮ ಮಾಡುವ ಹಕ್ಕನ್ನೂ ಹೇಳುತ್ತದೆ. ಪರಿಶಿಷ್ಟ ಪಂಗಡದವರಲ್ಲದಿದ್ದರೆ ಮೂರು ತಲೆಮಾರಿನ, ಅಂದರೆ 75 ವರ್ಷದ ವಾಸಕ್ಕೆ ಪುರಾವೆ ಕೇಳುತ್ತದೆ. ದಾಖಲೆಯೇ ಇಲ್ಲದ ಜಾಗದಲ್ಲಿ ವಾಸದ ದಾಖಲೆ! ರಾಜ್ಯದ ಭೂಸುಧಾರಣಾ ಕಾಯಿದೆಗೆ 38ಎ ಎಂಬ ಕಲಂ ಸೇರಿದ ಮೇಲೆ ಹಾಡಿ, ಹಟ್ಟಿ, ತಾಂಡಾಗಳಿಗೆ ಹಕ್ಕುಪತ್ರದ ದಾರಿ ತೆರೆಯಿತು. 2023ರ ಜನವರಿಯಲ್ಲಿ ಮಳಖೇಡದಲ್ಲಿ ಐವತ್ತು ಸಾವಿರಕ್ಕೂ ಹೆಚ್ಚು ಕುಟುಂಬಗಳಿಗೆ ಹಕ್ಕುಪತ್ರ ಸಿಕ್ಕಿತು. ಐದು ಜಿಲ್ಲೆಗಳ ಸುಮಾರು 1,475 ದಾಖಲೆರಹಿತ ವಸತಿಗಳು ಹೊಸ ಗ್ರಾಮಗಳಾದವು. ಅವೆಲ್ಲ ಬಯಲಿನ ಜಿಲ್ಲೆಗಳು. ಐವತ್ತು ಮನೆ ಒಂದೇ ಕಡೆ ಇರುವ ತಾಂಡಾ ನಕ್ಷೆಯಲ್ಲಿ ಗೆರೆ ಎಳೆಯಲು ಸಿಗುತ್ತದೆ. ಇಲ್ಲಿ ಮಲೆನಾಡಿನಲ್ಲಿ ಮೂರು ಮನೆ ಹಳ್ಳದ ಈಚೆ, ಒಂದು ತೋಟದ ನಡುವೆ, ಒಂದು ಕಾನಿನ ಬಾಯಲ್ಲಿ. ಗೆರೆ ಎಲ್ಲಿಂದ ಎಳೆಯುವುದು? ಬಯಲಿನ ಅಳತೆಗೋಲನ್ನೇ ಹೊತ್ತು ಘಟ್ಟ ಹತ್ತಿದರೆ ಮಲೆನಾಡಿನ ಹಟ್ಟಿ ಇನ್ನೂ ನೂರು ವರ್ಷ ಜಾಗವಾಗಿಯೇ ಇರುತ್ತದೆ. ಕಳಸ ಹೋಬಳಿಯಾಗಿದ್ದದ್ದು ತಾಲ್ಲೂಕಾಯಿತು, ಕಚೇರಿ ಹತ್ತಿರ ಬಂತು. ಆ ಕಚೇರಿಯಲ್ಲಿ ಕೂತವರು ಒಂದು ಮಳೆಗಾಲ ಕಳೆಯಲಿ, ಯಾವ ಗುಡ್ಡದಲ್ಲಿ ಎಷ್ಟು ಹೊಗೆ ಏಳುತ್ತದೆ ಎಂದು ಕಣ್ಣಿನಿಂದಲೇ ಎಣಿಸಲಿ ಎಂದು ನನ್ನ ಆಸೆ.

ಹೋಟೆಲಿನಲ್ಲಿ ಆ ಮಾತು ಅಲ್ಲಿಗೇ ನಿಂತಿರಲಿಲ್ಲ. ರಸ್ತೆಯ ಬಗ್ಗೆ ಬೇಸರಪಟ್ಟಿದ್ದ ಹಿರಿಯರು ಸ್ವಲ್ಪ ಹೊತ್ತು ಸುಮ್ಮನಿದ್ದು, ಕಾಫಿ ಲೋಟ ಕೆಳಗಿಟ್ಟರು. "ದನ ಕಟ್ತಿದ್ದದ್ದು ಹೌದು," ಅಂದರು. "ಕಟ್ಟಿದವರು ರಾತ್ರಿ ಎಲ್ಲಿ ಮಲಗ್ತಿದ್ರು, ಹೇಳಿ?"

ಅಷ್ಟರಲ್ಲಿ ಕಳಸದ ಬಸ್ಸು ಬಂತು. ಇಬ್ಬರೂ ಒಂದೇ ಕೊಡೆಯಡಿ ಅದರತ್ತ ಓಡಿದರು.