ಸೋತವರು ತಟ್ಟಿದ ಚಪ್ಪಾಳೆ



ಸೋಲು ಗೆಲುವುಗಳು ಹಗಲು ರಾತ್ರಿಗಳಿದ್ದಂತೆ, ಒಂದರ ಹಿಂದೆ ಒಂದು ಬರುತ್ತವೆ. ಈ ಮಾತನ್ನು ನಾವೆಲ್ಲರೂ ಆಡುತ್ತೇವೆ. ಆದರೆ ಸೋಲು ನಮ್ಮ ಮನೆಯ ಬಾಗಿಲಿಗೇ ಬಂದು ನಿಂತಾಗ ಈ ಮಾತು ನೆನಪಿಗೆ ಬರುವುದಿಲ್ಲ. ಬದುವಿನ ಒಂದು ಗೇಣು ಜಾಗಕ್ಕಾಗಿ ಕೋರ್ಟು ಹತ್ತಿ, ಇಪ್ಪತ್ತು ವರ್ಷ ಮಾತು ಬಿಟ್ಟ ಅಣ್ಣತಮ್ಮಂದಿರನ್ನು ನಾವು ಕಂಡಿದ್ದೇವೆ. ಪರೀಕ್ಷೆಯಲ್ಲಿ ಹಿಂದೆ ಬಿದ್ದ ಮಗನನ್ನು ನೆಂಟರ ಎದುರಿಗೇ ಹೀಯಾಳಿಸುವ ತಂದೆಯನ್ನೂ ಕಂಡಿದ್ದೇವೆ. ಗೆಲ್ಲುವುದನ್ನು ಕಲಿಸುವವರು ಊರ ತುಂಬ ಇದ್ದಾರೆ. ಸೋಲುವುದನ್ನು ಕಲಿಸುವವರು ಯಾರು? ಇದನ್ನು ಕುರಿತು ಹೇಳಲೆಂದೇ ಇಂದು ನಾವು ಇಬ್ಬರು ಚದುರಂಗದ ಆಟಗಾರರ ಬಾಳನ್ನು ನಿಮ್ಮ ಮುಂದಿಡುತ್ತಿದ್ದೇವೆ.

ಚದುರಂಗ ನಮ್ಮ ನೆಲದಲ್ಲಿ ಹುಟ್ಟಿ, ಪರ್ಷಿಯಾ ಹಾಗೂ ಅರಬ್ ನಾಡುಗಳನ್ನು ದಾಟಿ ಯುರೋಪಿಗೆ ಹೋದ ಆಟ. ಮನೆಗಳು 64, ಒಬ್ಬೊಬ್ಬರಿಗೆ ಕಾಯಿಗಳು 16. ಇದರಲ್ಲಿ ದಾಳವಿಲ್ಲ. ಪಗಡೆಯಲ್ಲಿ ಸೋತವನು ದಾಳವನ್ನಾದರೂ ಬೈದುಕೊಳ್ಳಬಹುದು. ಚದುರಂಗದಲ್ಲಿ ಸೋತವನಿಗೆ ಬೈಯಲು ತನ್ನ ಬುದ್ಧಿಯ ಹೊರತು ಬೇರೇನೂ ಇಲ್ಲ. ಆದ್ದರಿಂದಲೇ ಈ ಆಟದ ಸೋಲು ಮನುಷ್ಯನನ್ನು ಬಹಳವಾಗಿ ಚುಚ್ಚುತ್ತದೆ.

ಬೋರಿಸ್ ಸ್ಪಾಸ್ಕಿ ಹುಟ್ಟಿದ್ದು 1937ರಲ್ಲಿ, ರಷ್ಯಾದ ಲೆನಿನ್‌ಗ್ರಾಡ್ ನಗರದಲ್ಲಿ. ಎರಡನೆಯ ಮಹಾಯುದ್ಧದಲ್ಲಿ ಆ ನಗರಕ್ಕೆ ಜರ್ಮನ್ ಸೇನೆ ಮುತ್ತಿಗೆ ಹಾಕಿ, ಲಕ್ಷಾಂತರ ಜನ ಹಸಿವಿನಿಂದ ಸತ್ತರು. ಆಗ ಊರು ಬಿಟ್ಟು ಹೊರಟ ಮಕ್ಕಳಲ್ಲಿ ಈ ಹುಡುಗನೂ ಒಬ್ಬ. ಹಸಿವು, ಬಡತನಗಳ ನಡುವೆ ಬೆಳೆದು 1955ರಲ್ಲಿ ಗ್ರ್ಯಾಂಡ್‌ಮಾಸ್ಟರ್ ಆದರು. 1966ರಲ್ಲಿ ವಿಶ್ವ ಚಾಂಪಿಯನ್ ಪಟ್ಟಕ್ಕಾಗಿ ಪೆಟ್ರೋಸಿಯನ್ ಅವರೊಡನೆ ಆಡಿ ಸೋತರು. ಮೂರು ವರ್ಷ ತಾಳಿ, 1969ರಲ್ಲಿ ಅವರನ್ನೇ ಗೆದ್ದು ಪಟ್ಟವೇರಿದರು.

ಬಾಬಿ ಫಿಶರ್ ಹುಟ್ಟಿದ್ದು 1943ರಲ್ಲಿ, ಅಮೆರಿಕದ ಶಿಕಾಗೋದಲ್ಲಿ. ತಂದೆಯ ಆಸರೆ ಇಲ್ಲದೆ ತಾಯಿಯೊಬ್ಬರೇ ಸಾಕಿದ ಹುಡುಗ. ಆರನೆಯ ವಯಸ್ಸಿನಲ್ಲಿ ಅಕ್ಕ ಅಂಗಡಿಯಿಂದ ಚದುರಂಗದ ಮಣೆ ತಂದುಕೊಟ್ಟಳು. ಅಲ್ಲಿಂದ ಮುಂದೆ ಆ ಹುಡುಗನಿಗೆ ಬೇರೆ ಲೋಕವೇ ಇರಲಿಲ್ಲ. 14ನೆಯ ವಯಸ್ಸಿಗೆ ಅಮೆರಿಕದ ಚಾಂಪಿಯನ್. 15ಕ್ಕೆ ಗ್ರ್ಯಾಂಡ್‌ಮಾಸ್ಟರ್, ಅಷ್ಟು ಚಿಕ್ಕ ವಯಸ್ಸಿನಲ್ಲಿ ಅದುವರೆಗೆ ಯಾರೂ ಆಗಿರಲಿಲ್ಲ. ಎದುರಾಳಿಗಳಾದ ರಷ್ಯನ್ನರ ಚದುರಂಗದ ಪುಸ್ತಕಗಳನ್ನು ಓದಲೆಂದೇ ರಷ್ಯನ್ ಭಾಷೆ ಕಲಿತರು. ಈ ಏಕಾಗ್ರತೆಯನ್ನು ನಾವು ಮೆಚ್ಚಲೇಬೇಕು. 1971ರಲ್ಲಿ ಇಬ್ಬರು ಹೆಸರಾಂತ ಗ್ರ್ಯಾಂಡ್‌ಮಾಸ್ಟರುಗಳನ್ನು ಒಬ್ಬರಾದ ಮೇಲೆ ಒಬ್ಬರಂತೆ 6-0 ಅಂತರದಲ್ಲಿ ಸೋಲಿಸಿದಾಗ ಲೋಕವೇ ಬೆರಗಾಯಿತು.

1972ರ ಜುಲೈ ತಿಂಗಳಲ್ಲಿ ಇವರಿಬ್ಬರೂ ಐಸ್‌ಲ್ಯಾಂಡ್ ದೇಶದ ರೇಕ್ಯಾವಿಕ್ ನಗರದಲ್ಲಿ ಎದುರುಬದುರಾದರು. ಅಮೆರಿಕ ಮತ್ತು ರಷ್ಯಾಗಳ ನಡುವೆ ವೈರ ಹೊಗೆಯಾಡುತ್ತಿದ್ದ ಕಾಲವದು. ಫಿಶರ್ ಮೊದಲ ಆಟ ಸೋತರು. ಕ್ಯಾಮೆರಾಗಳು ತೊಂದರೆ ಕೊಡುತ್ತಿವೆ ಎಂದು ಹಠ ಹಿಡಿದು ಎರಡನೆಯ ಆಟಕ್ಕೆ ಬರಲೇ ಇಲ್ಲ. ಸ್ಪಾಸ್ಕಿ 2-0 ಮುಂದಾದರು. ಹೊರಟು ಬಾ ಎಂದು ಅವರ ದೇಶದವರು ಒತ್ತಾಯಿಸಿದರು. ಅವರು ಹೊರಟು ಬಿಟ್ಟಿದ್ದರೆ ಪಟ್ಟ ಅವರಲ್ಲಿಯೇ ಉಳಿಯುವಂತಿತ್ತು. ಆದರೆ ಎದುರಾಳಿ ಬಯಸಿದಂತೆ, ಪ್ರೇಕ್ಷಕರಿಂದ ದೂರದ ಒಂದು ಸಣ್ಣ ಕೋಣೆಯಲ್ಲಿ ಮೂರನೆಯ ಆಟವಾಡಲು ಸ್ಪಾಸ್ಕಿ ಒಪ್ಪಿಕೊಂಡರು. ಆ ಆಟವನ್ನು ಸೋತರು. ಅಲ್ಲಿಂದ ಗಾಳಿ ತಿರುಗಿತು.

ಜುಲೈ 23ರಂದು ಆರನೆಯ ಆಟ. ಫಿಶರ್ ತಮ್ಮ ಎಂದಿನ ಜಾಡು ಬಿಟ್ಟು ಹೊಸ ರೀತಿಯಲ್ಲಿ ಆಡಿ ಗೆದ್ದರು. ಸಭೆಯೆಲ್ಲ ಚಪ್ಪಾಳೆ ತಟ್ಟಿತು. ಆಗ ಸೋತಿದ್ದ ಸ್ಪಾಸ್ಕಿಯವರೂ ತಮ್ಮನ್ನು ಸೋಲಿಸಿದವರಿಗೆ ಚಪ್ಪಾಳೆ ತಟ್ಟಿದರು. ಲೋಕದ ಕಣ್ಣೆಲ್ಲ ತಮ್ಮ ಮೇಲಿರುವಾಗ, ದೇಶದ ಮಾನವೇ ಹೋಯಿತೆಂದು ದೊಡ್ಡವರು ಹಲ್ಲು ಕಡಿಯುತ್ತಿರುವಾಗ ಹಾಗೆ ಮಾಡಲು ಎಂಥ ಎದೆ ಬೇಕು! ಆಟ ಚೆನ್ನಾಗಿತ್ತು, ಚೆನ್ನಾಗಿದ್ದುದನ್ನು ಚೆನ್ನಾಗಿದೆ ಎಂದರು, ಅಷ್ಟೇ. ಸೆಪ್ಟೆಂಬರ್ 1ರಂದು ಪಂದ್ಯ ಮುಗಿದಾಗ ಫಿಶರ್ 12½, ಸ್ಪಾಸ್ಕಿ 8½.

ಮುಂದೇನಾಯಿತು? ಗೆದ್ದ ಫಿಶರ್ ಆ ಗೆಲುವಿನ ಭಾರವನ್ನು ಹೊರಲಾರದೆ ಹೋದರು. 1975ರಲ್ಲಿ ಪಟ್ಟ ಉಳಿಸಿಕೊಳ್ಳಲು ಆಡಬೇಕಾದಾಗ ಷರತ್ತಿನ ಮೇಲೆ ಷರತ್ತು ಹಾಕಿ, ಒಂದೂ ಆಟವಾಡದೆ ಪಟ್ಟ ಕಳೆದುಕೊಂಡರು. ಅದು ಕಾರ್ಪೋವ್ ಅವರ ಪಾಲಾಯಿತು. ಗೆದ್ದ ಮೇಲೆ ಇಪ್ಪತ್ತು ವರ್ಷ ಯಾವ ಪಂದ್ಯವನ್ನೂ ಆಡಲಿಲ್ಲ. ಎಲ್ಲರ ಮೇಲೂ ಸಂಶಯ, ಬಾಯಲ್ಲಿ ದ್ವೇಷದ ಮಾತು. 1992ರಲ್ಲಿ ನಿರ್ಬಂಧಕ್ಕೆ ಒಳಗಾಗಿದ್ದ ಯುಗೊಸ್ಲಾವಿಯಾದಲ್ಲಿ ಸ್ಪಾಸ್ಕಿಯವರೊಡನೆ ಮತ್ತೆ ಆಡಿ ಗೆದ್ದರು. ಅದಕ್ಕಾಗಿ ಸ್ವಂತ ದೇಶವೇ ಬಂಧನದ ಆಜ್ಞೆ ಹೊರಡಿಸಿತು. 2004ರಲ್ಲಿ ಜಪಾನಿನ ವಿಮಾನ ನಿಲ್ದಾಣದಲ್ಲಿ ಸೆರೆ ಸಿಕ್ಕರು.

ಆಗ ಅವರ ಪರವಾಗಿ ಅಮೆರಿಕದ ಅಧ್ಯಕ್ಷರಿಗೆ ಪತ್ರ ಬರೆದವರು ಯಾರು ಗೊತ್ತೇ? ಅದೇ ಸ್ಪಾಸ್ಕಿ! ಅವರು ಮಾಡಿದ ತಪ್ಪನ್ನೇ ತಾವೂ ಮಾಡಿರುವುದರಿಂದ ತಮ್ಮನ್ನೂ ಹಿಡಿದು ಅದೇ ಕೋಣೆಯಲ್ಲಿ ಇಡಬೇಕು, ಜೊತೆಗೊಂದು ಚದುರಂಗದ ಮಣೆ ಕೊಡಬೇಕು ಎಂದು ಕೇಳಿಕೊಂಡರು. 2005ರಲ್ಲಿ ಐಸ್‌ಲ್ಯಾಂಡ್ ಫಿಶರ್ ಅವರಿಗೆ ಪೌರತ್ವ ಕೊಟ್ಟು ಕರೆಸಿಕೊಂಡಿತು. ತಾವು ಪಟ್ಟವೇರಿದ ಊರಿನಲ್ಲಿಯೇ 2008ರ ಜನವರಿಯಲ್ಲಿ, 64ನೆಯ ವಯಸ್ಸಿನಲ್ಲಿ ತೀರಿಕೊಂಡರು. ಸ್ಪಾಸ್ಕಿ 88 ವರ್ಷ ಬಾಳಿ 2025ರ ಫೆಬ್ರವರಿಯಲ್ಲಿ ಕಣ್ಣು ಮುಚ್ಚಿದರು.

ಕೋರ್ಟು ವ್ಯಾಜ್ಯ ಕುರಿತು ನಮ್ಮಲ್ಲಿ ಒಂದು ಗಾದೆಯಿದೆ: ಗೆದ್ದವನು ಸೋತ, ಸೋತವನು ಸತ್ತ. ಇಲ್ಲಿ ಅದರ ಅರ್ಧ ಮಾತ್ರ ನಿಜವಾಯಿತು. ಗೆದ್ದವರು ಸೋತರು, ಸೋತವರು ಮಾತ್ರ ಬದುಕಿದರು.

ಉದಾರತೆ ತೋರಿದ್ದರಿಂದಲೇ ಸ್ಪಾಸ್ಕಿ ಪಟ್ಟ ಕಳೆದುಕೊಂಡರಲ್ಲವೇ ಎಂದು ಕೆಲವರು ಕೇಳಬಹುದು. ಹೌದು, ಅದು ಅವರು ತೆತ್ತ ಬೆಲೆ. ಊರಿಗೆ ಮರಳಿದಾಗ ಅಧಿಕಾರದಲ್ಲಿದ್ದವರ ಸಿಟ್ಟಿಗೂ ಗುರಿಯಾದರು. ಆದರೆ ಮರುವರ್ಷವೇ, 1973ರಲ್ಲಿ, ಘಟಾನುಘಟಿಗಳಿದ್ದ ಸೋವಿಯತ್ ಚಾಂಪಿಯನ್‌ಷಿಪ್ ಗೆದ್ದು ತೋರಿಸಿದರು. ಅವರೂ ಕೊರತೆಗಳಿಲ್ಲದ ಮನುಷ್ಯರಲ್ಲ. ತಾವು ಸೋಮಾರಿ ಎಂದು ತಾವೇ ಹೇಳಿಕೊಳ್ಳುತ್ತಿದ್ದರು. ನಾವು ಫಿಶರ್ ಅವರ ದುಡಿಮೆಯನ್ನು ಕಡೆಗಣಿಸುತ್ತಿಲ್ಲ. ಮಕ್ಕಳು ಅವರಂತೆ ದುಡಿಯಲಿ. ಆದರೆ ದುಡಿದು ಸೋತ ದಿನ ಸ್ಪಾಸ್ಕಿಯವರಂತೆ ನಿಲ್ಲಲಿ ಎನ್ನುವುದೇ ನಮ್ಮ ಆಶಯ.

ಹಿರಿಯರೇ, ಮಕ್ಕಳು ಇದನ್ನು ಪುಸ್ತಕದಿಂದ ಕಲಿಯುವುದಿಲ್ಲ, ನಿಮ್ಮನ್ನು ನೋಡಿ ಕಲಿಯುತ್ತಾರೆ. ಮೊಮ್ಮಗ ಸೋತು ಮನೆಗೆ ಬಂದ ದಿನ ಯಾಕೆ ಸೋತೆ ಎಂದು ಗದರಬೇಡಿ. ಮೊದಲು ಊಟಕ್ಕೆ ಕೂರಿಸಿ, ಗೆದ್ದವನು ಹೇಗೆ ಆಡಿದ ಎಂದು ಕೇಳಿ. ಚುನಾವಣೆಯಲ್ಲಿ ನಿಮ್ಮ ಕಡೆಯವರು ಸೋತರೆ ಗೆದ್ದವರ ಮನೆಗೆ ಹೋಗಿ ಒಂದು ಒಳ್ಳೆಯ ಮಾತಾಡಿ ಬನ್ನಿ. ಬದುವಿನ ಆಚೆ ನಿಂತ ತಮ್ಮನನ್ನು, ಅವನು ಮಾತಾಡಿಸಲಿ ಎಂದು ಕಾಯದೆ, ನೀವೇ ಹೆಸರು ಹಿಡಿದು ಕರೆಯಿರಿ. ಮೊಮ್ಮಕ್ಕಳು ಅದನ್ನು ನೋಡುತ್ತಿರುತ್ತಾರೆ.