ಈಚಲು ಮರ ಕೀಳೋ ಮುಂಚೆ ಒಂದು ಮಾತು



ಈ ಸಲ ಶೇಂಗಾ ಬಗ್ಗೆ ಬರೆಯಲ್ಲ. ಬರೆದೂ ಬರೆದೂ ನನಗೂ ಸಾಕಾಗೈತೆ, ಓದೋ ನಿಮಗೂ ಸಾಕಾಗಿರತೈತೆ. ಹಳ್ಳದ ದಂಡೇಲಿ ಇರೋ ಈಚಲು ಮರದ ಬಗ್ಗೆ ಬರೀತೀನಿ.

ಕೆನಡಾ ದೇಶದ ವಿಡಿಯೋ ನೀವೂ ಮೊಬೈಲ್‌ನಲ್ಲಿ ನೋಡಿರಬಹುದು. ಚಳಿ ಮುಗಿಯೋ ಹೊತ್ತಿಗೆ ಮೇಪಲ್ ಅನ್ನೋ ಮರಕ್ಕೆ ತೂತು ಕೊರೆದು, ನಳಿಗೆ ಸಿಗಿಸಿ, ತೊಟ್ಟಿಕ್ಕೋ ರಸ ಹಿಡೀತಾರೆ. ಅದನ್ನ ಮನೆ ಹಿತ್ತಲಲ್ಲೇ ಕಾಯಿಸಿ ಪಾಕ ಮಾಡಿ ಬಾಟ್ಲಿಗೆ ತುಂಬ್ತಾರೆ. ಆ ರಸದಲ್ಲಿ ಸಕ್ಕರೆ ನೂರಕ್ಕೆ ಎರಡು ಭಾಗ ಮಾತ್ರ. ಒಂದು ಲೀಟರ್ ಪಾಕಕ್ಕೆ ಸುಮಾರು 40 ಲೀಟರ್ ರಸ ಬೇಕು. ಆದರೂ ಅದರಿಂದ ಬದುಕು ಕಟ್ಟಿಕೊಂಡಿದ್ದಾರೆ.

ನಮ್ಮ ಈಚಲ ರಸದಲ್ಲಿ ಸಕ್ಕರೆ ನೂರಕ್ಕೆ ಹತ್ತು-ಹನ್ನೆರಡು ಭಾಗ ಐತೆ. ಎಂಟ್ಹತ್ತು ಲೀಟರ್ ಕಾಯಿಸಿದರೆ ಒಂದು ಕೆಜಿ ಬೆಲ್ಲ. ಇಂಥ ಮರನ ನಾವು ಜೆಸಿಬಿ ತಂದು ಬುಡ ಸಮೇತ ಕೀಳ್ತಾ ಇದೀವಿ. ವೇದಾವತಿ ದಂಡೇಲಿ, ಚಿನ್ನಹಗರಿ ದಂಡೇಲಿ ನಾವು ಹುಡುಗರಿದ್ದಾಗ ಇದ್ದ ಈಚಲವನ ಈಗ ಎಷ್ಟು ಉಳಿದೈತೆ, ನೀವೇ ಹೋಗಿ ನೋಡಿ. ಪೊರಕೆಗೆ, ಚಾಪೆಗೆ ಗರಿ ಕುಯ್ಯೋರು ಬಿಟ್ಟರೆ ಆ ಕಡೆ ತಿರುಗಿ ನೋಡೋರಿಲ್ಲ.

ಬಂಗಾಳದಲ್ಲಿ ಇದೇ ಮರ, ಬೇರೆ ಜಾತಿ ಅಲ್ಲ. ಅಲ್ಲಿ ಖೇಜೂರ್ ಅಂತಾರೆ. ಕಾರ್ತೀಕದ ಚಳಿ ಶುರುವಾದರೆ ಶಿವರಾತ್ರಿ ಹತ್ತತ್ರ ಬರೋವರೆಗೂ ಅದರ ಬೆಲ್ಲದ ಕಾಲ. ಸುಳಿ ಕೆಳಗೆ ಒಂದು ಪಕ್ಕದ ಗರಿ ಸವರಿ, ಮೆತ್ತನೆ ಭಾಗನ ತೆಳ್ಳಗೆ ಕೆತ್ತಿ, ಬಿದಿರಿನ ಸಣ್ಣ ದೋಣಿ ಸಿಗಿಸಿ, ಸಂಜೆ ಗಡಿಗೆ ಕಟ್ಟಿ ಬೆಳಕು ಹರಿಯೋ ಮುಂಚೆ ಇಳಿಸ್ತಾರೆ. ಎರಡು ಮೂರು ರಾತ್ರಿ ಇಳಿಸಿದ ಮೇಲೆ ಅಷ್ಟೇ ದಿನ ಮರಕ್ಕೆ ಬಿಡುವು. ಬಿಡುವು ಕೊಡದೆ ಕೆತ್ತಿದರೆ ಮರ ಸೊರಗತೈತೆ. ಗಟ್ಟಿ ಅಚ್ಚಿನ ಬೆಲ್ಲ ಒಂದು ಥರ, ಜೇನಿನಂಗೆ ಸುರಿಯೋ ಬೆಲ್ಲ ಇನ್ನೊಂದು. ಆ ಸುರಿಯೋದು ಮೇಪಲ್ ಪಾಕಕ್ಕೆ ಸಾಟಿ, ಅದೂ ಅದಕ್ಕಿಂತ ಎಷ್ಟೋ ಕಮ್ಮಿ ಸೌದೇಲಿ.

ಸೌದೆಗೆ ನಮಗೇನು ಬರ? ಬಳ್ಳಾರಿ ಜಾಲಿ ಬೇಡ ಅಂದರೂ ಬೆಳೀತೈತೆ, ಎಣ್ಣೆ ಮಿಲ್ಲಿನ ಶೇಂಗಾ ಹೊಟ್ಟೂ ಐತೆ. ಕಾಲವೂ ಹೊಂದತೈತೆ. ಶೇಂಗಾ ಕಿತ್ತ ಮೇಲೆ ಮಳೆಯಾಶ್ರಯದೋರ ಕೈಗೆ ಕೆಲಸ ಇಲ್ಲದ ತಿಂಗಳುಗಳೇ ಅವು.

ಲೆಕ್ಕ ಹಾಕಿ. ಬದುವಲ್ಲಿ 20 ಮರ ಇದ್ದರೆ ಪಾಳಿ ಮೇಲೆ ದಿನಕ್ಕೆ 10 ಮರ ಇಳಿಸಬಹುದು. ನಮ್ಮದು ಒಣ ಸೀಮೆ, ಮರಕ್ಕೆ ಎರಡೇ ಲೀಟರ್ ಅಂತ ಕಮ್ಮಿ ಹಿಡಿದರೂ 20 ಲೀಟರ್ ರಸ, ಎರಡು ಕೆಜಿ ಬೆಲ್ಲ. ಸಾಹುಕಾರ ಆಗಲ್ಲ. ಆದರೆ ಚಳಿಗಾಲದಲ್ಲಿ ಕೂಲಿಗೆ ಬೆಂಗಳೂರು ಬಸ್ಸು ಹತ್ತೋದು ತಪ್ಪತೈತೆ. ಈ ಮರಕ್ಕೆ ಬೋರ್ ಕೊರೆಸಬೇಕಾಗಿಲ್ಲ, ಗೊಬ್ಬರ ಕೇಳಲ್ಲ, ಔಷಧಿ ಅಂಗಡಿಯ ಉದ್ರಿ ಇಲ್ಲ.

ಈಗ ಅಡ್ಡಿ ಏನು ಅಂತ ಹೇಳ್ತೀನಿ. ಮೊದಲನೇದು ಕಾನೂನು. ಅಬಕಾರಿ ಇಲಾಖೆಯ ಪರವಾನಗಿ ಇಲ್ಲದೆ ಈಚಲು ಮರ ಕೆತ್ತಂಗಿಲ್ಲ. ಇದನ್ನ ಓದಿ ಯಾರೂ ಮಚ್ಚು ಹಿಡಕೊಂಡು ಮರ ಹತ್ತಬೇಡಿ, ಕೇಸಾಗತೈತೆ. ತೆಂಗಿನೋರಿಗೆ ನೀರಾ ಇಳಿಸೋಕೆ ಸರ್ಕಾರ ಅವಕಾಶ ಕೊಡ್ತು. ಅದೂ ಪುಕ್ಕಟೆ ಬಂದಿದ್ದಲ್ಲ. 2001ರಲ್ಲಿ ಚನ್ನಪಟ್ಟಣದ ವಿಠಲೇನಹಳ್ಳೀಲಿ ನೀರಾ ಹೋರಾಟದ ಮೇಲೆ ಗೋಲಿಬಾರ್ ಆಗಿ ಇಬ್ಬರು ರೈತರು ಪ್ರಾಣ ಬಿಟ್ಟರು. ತೆಂಗಿನ ತೋಟದೋರಿಗೆ ಸಿಕ್ಕಿದ್ದು ಹಳ್ಳದ ದಂಡೆಯ ಬಡವನ ಮರಕ್ಕೆ ಯಾಕೆ ಸಿಗಬಾರದು? ನನ್ನ ಪ್ರಶ್ನೆ ಇಷ್ಟೇ.

ಎರಡನೇದು ಕಾನೂನಿಗಿಂತ ದೊಡ್ಡದು. ಈಚಲು ಅಂದ ತಕ್ಷಣ ನಮ್ಮ ಹೆಣ್ಣುಮಕ್ಕಳಿಗೆ ನೆನಪಾಗೋದು ಬೆಲ್ಲ ಅಲ್ಲ, ಸೇಂದಿ. ಅದರಿಂದ ಹಾಳಾದ ಮನೆ ಎಷ್ಟು ಅಂತ ಅವರಿಗೆ ಗೊತ್ತು. ಅವರ ಭಯ ಸುಳ್ಳೂ ಅಲ್ಲ. ಬೆಳಗ್ಗೆ ಸಿಹಿಯಾಗಿರೋ ರಸ ಬಿಸಿಲೇರೋದರೊಳಗೆ ಹುಳಿ ಬಂದಿರತೈತೆ. ಗಡಿಗೆ ಒಳಗೆ ಸುಣ್ಣ ಸವರಿದರೆ ಸ್ವಲ್ಪ ಹೊತ್ತು ತಡೀತೈತೆ, ಅಷ್ಟೇ. ಅದಕ್ಕೇ ನಾನು ಹೇಳೋದು, ಪರವಾನಗಿ ಗಂಡಸರ ಹೆಸರಿಗೆ ಬೇಡ. ಸ್ತ್ರೀಶಕ್ತಿ ಸಂಘದ ಹೆಸರಿಗೆ ಇರಲಿ. ಮರ ಹತ್ತೋನು ಗಡಿಗೆ ತಂದು ಅವರ ಒಲೆ ಮುಂದೆ ಸುರೀಲಿ, ಹೊತ್ತು ಹುಟ್ಟೋದರೊಳಗೆ ಕೊಪ್ಪರಿಗೆ ಒಲೆ ಮೇಲಿರಲಿ. ಹಸಿ ರಸ ಒಂದು ಲೋಟನೂ ಮಾರಂಗಿಲ್ಲ ಅಂತ ಕಟ್ಟು ಮಾಡಿ.

ಹಸಿ ರಸ ಬೇಡ ಅನ್ನೋಕೆ ಇನ್ನೊಂದು ಕಾರಣ ಐತೆ. ಬಾಂಗ್ಲಾದೇಶದಲ್ಲಿ ನಿಫಾ ರೋಗ ಹರಡಿದ್ದು ಬಾವಲಿ ಬಾಯಿ ಹಾಕಿದ ಈಚಲ ರಸನ ಹಸಿಯಾಗಿ ಕುಡಿದೋರಿಗೆ. ಕೆತ್ತಿದ ಜಾಗಕ್ಕೂ ಗಡಿಗೆ ಬಾಯಿಗೂ ತಡಿಕೆ ಕಟ್ಟಬೇಕು, ರಸನ ಚೆನ್ನಾಗಿ ಕುದಿಸಬೇಕು. ಪಾಕದ ಹದ ನಮ್ಮ ಅಕ್ಕಂದಿರಿಗೆ ಹೇಳಿಕೊಡಬೇಕಾಗಿಲ್ಲ. ಎಳೆ ಬಂದರೆ ಬಾಟ್ಲಿಗೆ, ತಣ್ಣೀರಲ್ಲಿ ಉಂಡೆ ಕಟ್ಟಿದರೆ ಅಚ್ಚಿಗೆ.

ಮ್ಯಾಸನಾಯಕರ ಹಟ್ಟಿಗಳಲ್ಲಿ ಈಚಲ ಹೆಂಡ ಮುಟ್ಟಬಾರದು ಅನ್ನೋ ಕಟ್ಟು ಹಿಂದಿನಿಂದ ಬಂದೈತೆ. ಬೆಲ್ಲಕ್ಕೂ ಆ ಕಟ್ಟು ಹತ್ತತೈತಾ ಇಲ್ವಾ, ಅದನ್ನ ಅಲ್ಲಿಯ ಹಿರಿಯರೇ ಹೇಳಬೇಕು, ನಾನು ಹೇಳೋ ಮಾತಲ್ಲ.

ಮರ ಹತ್ತೋ ಕೈ ಬಗ್ಗೆ ನನಗೆ ಜಾಸ್ತಿ ಚಿಂತೆ. ಸೇಂದಿ ನಿಂತ ಮೇಲೆ ಹೊಸಬರು ಯಾರೂ ಕಲೀಲಿಲ್ಲ. ಕೆತ್ತೋದು ಗೊತ್ತಿರೋ ಯಜಮಾನರಿಗೆ ಈಗ ವಯಸ್ಸಾಗೈತೆ. ಒಂದು ಬೆರಳು ಆಳ ಜಾಸ್ತಿ ಕೆತ್ತಿದರೆ ಮರ ಕೆಡತೈತೆ, ಅದು ಬರಹ ಓದಿ ಬರೋ ವಿದ್ಯೆ ಅಲ್ಲ. ಅವರು ಇರೋವಾಗಲೇ ನಾಲ್ಕು ಹುಡುಗರು ಕಲೀಬೇಕು.

ಮುಂದಿನ ಗ್ರಾಮಸಭೆಗೆ ನಾನು ಅರ್ಜಿ ಬರೆದು ತರ್ತೀನಿ. ಪಟ್ಟಾ ಜಮೀನಿನ ಬದುವಲ್ಲಿರೋ ಈಚಲಿಗೆ, ಬೆಲ್ಲಕ್ಕೆ ಮಾತ್ರ, ಮಹಿಳಾ ಸಂಘದ ಹೆಸರಲ್ಲಿ ಪರವಾನಗಿ ಕೊಡಿ ಅಂತ. ಸರ್ಕಾರಿ ಹಳ್ಳದ ಮರದ ಮಾತು ಆಮೇಲೆ. ನಿಮ್ಮ ಬದುವಲ್ಲಿ ಎಷ್ಟು ಮರ ಐತೆ ಎಣಿಸಿ ಕೆಳಗೆ ಬರೀರಿ, ಊರ ಹೆಸರೂ ಹಾಕಿ. ಜೆಸಿಬಿಗೆ ಹೇಳಿಟ್ಟಿರೋರು ಈ ಒಂದು ವರ್ಷ ತಡೀರಿ.